ಮುಂಗಡ ಕೊಟ್ಟ ಮೇಲೆ ಮದುವೆಯ ಖರ್ಚು ತಗ್ಗಿಸುವುದು

ಮಂಟಪ, ಅಡುಗೆ, ಅಲಂಕಾರ ಮೂರಕ್ಕೂ ಮುಂಗಡ ಕೊಟ್ಟ ಮೇಲೆ ಹಣದ ಅಡಚಣೆ ಬಂದಿದೆ, ಯಾವುದನ್ನು ರದ್ದು ಮಾಡಲಿ ಎಂದು ಕೇಳಿದ್ದೀರಿ. ಯಾವುದನ್ನೂ ಅವಸರದಲ್ಲಿ ರದ್ದು ಮಾಡದೆ ಮೊದಲು ರಸೀದಿಯ ಹಿಂಬದಿಯನ್ನು ಓದಿ. ಮುಂಗಡ ಹಿಂತಿರುಗಿಸುವುದಿಲ್ಲ ಎಂಬ ಸಾಲು ಹೆಚ್ಚಾಗಿ ಅಲ್ಲಿಯೇ ಸಣ್ಣ ಅಕ್ಷರಗಳಲ್ಲಿ ಅಡಗಿರುತ್ತದೆ. ನನ್ನ ಅನುಭವದಲ್ಲಿ ಹೊಂದಿಕೊಳ್ಳುವವರು ಅಡುಗೆಯವರು: ಅವರು ದಿನಸಿ ಖರೀದಿಸುವ ಮೊದಲೇ ಹೋಗಿ ಮಾತನಾಡಿ ಎಲೆಯ (ಊಟದ) ಲೆಕ್ಕವನ್ನು 800ರಿಂದ 500ಕ್ಕೆ ಇಳಿಸಿ, ಜಹಾಂಗೀರು ಕೈಬಿಟ್ಟು ಹೋಳಿಗೆಯೊಂದನ್ನೇ ಉಳಿಸಿಕೊಂಡರೆ (ಬೀಗರು ಕೇಳುವುದೂ ಅದನ್ನೇ), ಕೊಟ್ಟ ಹಣ ಮುಳುಗದೆ ಕೊನೆಯ ಬಿಲ್ಲಿನಲ್ಲಿ ವಜಾ ಆಗುತ್ತದೆ. ಮಂಟಪವನ್ನು ಬಿಡಲೇಬೇಕಾದರೆ, ಆ ಮುಹೂರ್ತಕ್ಕೆ ಬೇರೆಯವರು ಬಂದಲ್ಲಿ ಮುಂಗಡ ಮರಳಿಸುವುದಾಗಿ ಬರೆಸಿಕೊಳ್ಳಿ. ಅಲಂಕಾರವನ್ನು ಚೆಂಡುಹೂವು, ಮಾವಿನ ತೋರಣಕ್ಕೆ ಇಳಿಸಬಹುದು. ಮಾತುಕತೆಯಿಂದ ಬಗೆಹರಿಯದಿದ್ದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ.