ಹಲ್ಲಿ ಬಿದ್ದದ್ದಕ್ಕೆ ಮಗಳ ತಪ್ಪೇನು?

ಪತ್ರ: ಮಗಳನ್ನು ನೋಡಲು ಗಂಡಿನ ಕಡೆಯವರು ಬರುವ ದಿನ ಬೆಳಿಗ್ಗೆಯೇ ಅವಳ ತಲೆಯ ಮೇಲೆ ಹಲ್ಲಿ ಬಿತ್ತು. ನಮ್ಮತ್ತೆ ಪಂಚಾಂಗ ತೆಗೆದು ನೋಡಿ, ಬರಬೇಡಿ ಎಂದು ಫೋನ್ ಮಾಡಿಸಿದರು. ಹಲ್ಲಿಯನ್ನು ಪೊರಕೆಯಲ್ಲಿ ಹೊಡೆದು ಕೊಂದರು. ಮಗಳು ಸರಿಯಾಗಿ ಊಟ ಮಾಡುತ್ತಿಲ್ಲ. ಹಲ್ಲಿ ವಿಷವೇ? ಶಕುನ ನಿಜವೇ?
– ಓದುಗರು, ಚಿತ್ರದುರ್ಗ

ಉತ್ತರ: ತಾಯಿ, ಮೊದಲು ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಉಣ್ಣಿಸಿ. ಉಳಿದದ್ದು ಆಮೇಲೆ.

ಹಲ್ಲಿಗೆ ವಿಷವಿಲ್ಲ. ಮನೆಯ ಹಲ್ಲಿಗಷ್ಟೇ ಅಲ್ಲ, ಬಂಡೆ ಸಂದಿಗಳಲ್ಲಿರುವ ಗೇಣುದ್ದದ ಹಲ್ಲಿಗೂ ಇಲ್ಲ. ಸಾರಿಗೆ ಬಿದ್ದರೆ ಚೆಲ್ಲಬೇಕು, ನಿಜ. ಅದರ ಹಿಕ್ಕೆಯಲ್ಲಿ ಸಾಲ್ಮೊನೆಲ್ಲಾ ಎಂಬ ರೋಗಾಣು ಇರಬಹುದು, ವಾಂತಿಭೇದಿ ಆದೀತು.

ಬಿದ್ದದ್ದೇಕೆ? ಹಲ್ಲಿಯ ಬೆರಳಡಿ ಕಣ್ಣಿಗೆ ಕಾಣದ ಲಕ್ಷಾಂತರ ರೋಮಗಳಿವೆ. ಒಂದೊಂದರ ತುದಿಯೂ ನೂರಾರು ಕವಲಾಗಿ ಗೋಡೆಗೆ ಎಷ್ಟು ಒತ್ತಿಕೊಳ್ಳುತ್ತದೆಂದರೆ, ಅಣುಗಳ ನಡುವಿನ ಸೆಳೆತವೇ ಅದನ್ನು ಹಿಡಿದಿಡುತ್ತದೆ. ಅಂಟಿಲ್ಲ, ಗಾಳಿ ಹೀರುವ ಬಟ್ಟಲೂ ಇಲ್ಲ. 2002ರಲ್ಲಿ ವಿಜ್ಞಾನಿಗಳು ಇದನ್ನು ಪ್ರಯೋಗ ಮಾಡಿ ತೋರಿಸಿದರು. ಗೋಡೆ ಒದ್ದೆಯಾಗಿದ್ದರೆ, ಸುಣ್ಣ ಪುಡಿಯಾಗಿ ಉದುರುತ್ತಿದ್ದರೆ ಆ ಹಿಡಿತ ತಪ್ಪುತ್ತದೆ. ಎರಡು ಗಂಡು ಹಲ್ಲಿಗಳು ಜಗಳಕ್ಕೆ ಬಿದ್ದರೂ ಅಷ್ಟೇ. ಕೆಳಗೆ ಆ ಹೊತ್ತಿಗೆ ನಿಮ್ಮ ಮಗಳು ಇದ್ದಳು.

ಅತ್ತೆಯವರನ್ನು ನಾನು ಹಳಿಯಲಾರೆ. ಗೌಳಿ ಶಕುನ ನಮ್ಮ ಮನೆಗಳಲ್ಲಿ ತುಂಬ ಹಳೆಯದು. ಗಂಡಿಗೊಂದು ಫಲ, ಹೆಣ್ಣಿಗೊಂದು, ಎಡಕ್ಕೊಂದು, ಬಲಕ್ಕೊಂದು. ದಾವಣಗೆರೆಯಲ್ಲಿ ನಮ್ಮಜ್ಜಿ, ಮಾತಿನ ನಡುವೆ ಹಲ್ಲಿ ಲೊಚಗುಟ್ಟಿದರೆ 'ಕೃಷ್ಣ ಕೃಷ್ಣ' ಎಂದು ಬೆರಳಿನಿಂದ ನೆಲ ಕುಟ್ಟಿ, 'ನೋಡು, ಸತ್ಯ ಅಂತು' ಎನ್ನುತ್ತಿದ್ದರು. ಆ ಲೊಚಲೊಚ ಹಲ್ಲಿಗಳು ತಮ್ಮ ಜಾಗಕ್ಕಾಗಿ, ಜೋಡಿಗಾಗಿ ಹಾಕುವ ಕೂಗು ಎಂದು ಓದಿ ತಿಳಿದ ಮೇಲೂ ನನ್ನ ಬೆರಳು ನೆಲಕ್ಕೆ ಹೋಗುತ್ತದೆ. ಅಜ್ಜಿಯ ನೆನಪು ಅದು.

ಆದರೆ ಅದೇ ಶಾಸ್ತ್ರ ಪರಿಹಾರವನ್ನೂ ಹೇಳುತ್ತದಲ್ಲ! ತಲೆಗೆ ಸ್ನಾನ ಮಾಡಿ ದೀಪ ಹಚ್ಚಿದರೆ ಆಯಿತು. ಕಂಚಿಯ ವರದರಾಜ ದೇವಸ್ಥಾನದಲ್ಲಿ ಚಿನ್ನದ ಹಲ್ಲಿ, ಬೆಳ್ಳಿ ಹಲ್ಲಿಗಳಿವೆ. ಮುಟ್ಟಿ ಬಂದವರಿಗೆ ದೋಷವಿಲ್ಲ, ಅವರನ್ನು ಮುಟ್ಟಿದವರಿಗೂ ಇಲ್ಲ ಎನ್ನುವವರು ನಮ್ಮ ಕಡೆ ಬಹಳ. ಹಲ್ಲಿಯನ್ನು ಕೊಲ್ಲು, ಬರುವವರನ್ನು ತಡೆ ಎಂದು ನಮಗೆ ಯಾವ ಹಿರಿಯರೂ ಹೇಳಿಕೊಡಲಿಲ್ಲ. ಇದನ್ನು ಅತ್ತೆಯವರಿಗೆ ಮೆತ್ತಗೆ ಹೇಳಿ. ನಿಮ್ಮ ಬೀದಿಯಲ್ಲಿ ಕಂಚಿಗೆ ಹೋಗಿಬಂದವರು ಯಾರಾದರೂ ಇದ್ದೇ ಇರುತ್ತಾರೆ, ಅವರನ್ನು ಮನೆಗೆ ಕರೆದು ಮಗಳ ತಲೆ ಮುಟ್ಟಿಸಿ.

ಮಗಳನ್ನು ಒಂದು ಮಾತು ಕೇಳಿ. ಅವಳು ಹೂಂ ಎಂದರೆ, ಆ ಗಂಡಿನ ಮನೆಗೆ ಈ ಸಲ ನೀವೇ ಫೋನ್ ಮಾಡಿ.