ಬೇಸ್‌ಬಾಲ್ ಆಟಗಾರರ ಆತ್ಮಕಥೆಗಳನ್ನು ಎಷ್ಟರ ಮಟ್ಟಿಗೆ ನಂಬಬಹುದು?

ಮೊದಲು ಮುಖಪುಟದಲ್ಲಿ ಆಟಗಾರನ ಹೆಸರಿನ ಕೆಳಗೆ ಸಣ್ಣಕ್ಷರದಲ್ಲಿರುವ ಎರಡನೇ ಹೆಸರು ನೋಡಿ. ಸಾಮಾನ್ಯವಾಗಿ ಹೇಳಿದವನು ಆಟಗಾರ, ಬರೆದವನು ಪತ್ರಕರ್ತ. 1961ರಲ್ಲಿ ತೀರಿಕೊಂಡ ಹೆಸರಾಂತ ಆಟಗಾರ ಟೈ ಕಾಬ್‌ನ ಆತ್ಮಕಥೆ ಬರೆದುಕೊಟ್ಟ ಪತ್ರಕರ್ತ ಆಲ್ ಸ್ಟಂಪ್, ಆಮೇಲೆ ಅವನ ಬಗ್ಗೆ ಹಬ್ಬಿಸಿದ ಭೀಕರ ಕಥೆಗಳಲ್ಲಿ ಹಲವಕ್ಕೆ ಆಧಾರವೇ ಸಿಕ್ಕಿಲ್ಲ.

ಪಂದ್ಯದ ಪ್ರಸಂಗ ಬಂದಾಗ ದಿನಾಂಕ, ಎದುರಾಳಿ, ಇನಿಂಗ್ಸ್ ಗುರುತು ಹಾಕಿಕೊಂಡು ಹಳೆಯ ಪಂದ್ಯಗಳ ದಾಖಲೆಯಿರುವ ರೆಟ್ರೋಶೀಟ್ ಜಾಲತಾಣದಲ್ಲಿ ಬಾಕ್ಸ್ ಸ್ಕೋರ್ (ಪಂದ್ಯದ ಅಂಕಪಟ್ಟಿ) ತೆಗೆಯಿರಿ, ದುಡ್ಡು ಕೊಡಬೇಕಿಲ್ಲ. ಕ್ರಿಕೆಟ್ಟಿನ ಸ್ಕೋರ್‌ಕಾರ್ಡ್ ಓದಿ ರೂಢಿಯಿದ್ದವರಿಗೆ ಹತ್ತು ನಿಮಿಷದಲ್ಲಿ ಅರ್ಥವಾಗುತ್ತದೆ. ಆದರೆ ಅದಕ್ಕೂ ಮಿತಿಯಿದೆ. 1932ರ ವರ್ಲ್ಡ್ ಸೀರೀಸ್‌ನ (ಅಮೆರಿಕದ ವಾರ್ಷಿಕ ಅಂತಿಮ ಸರಣಿ) ಮೂರನೇ ಪಂದ್ಯ, ಐದನೇ ಇನಿಂಗ್ಸ್, ಸ್ಕೋರು 4-4: ಚಾರ್ಲಿ ರೂಟ್ ಎಸೆತಕ್ಕೆ ಬೇಬ್ ರೂತ್ ಹೋಮ್ ರನ್ (ಕ್ರಿಕೆಟ್ಟಿನ ಸಿಕ್ಸರಿನಂಥ ಹೊಡೆತ) ಹೊಡೆದದ್ದು ದಾಖಲೆಯಲ್ಲಿದೆ. ಹೊಡೆಯುವ ಮೊದಲು ಚೆಂಡು ಬೀಳುವ ಜಾಗಕ್ಕೆ ಬೆರಳು ತೋರಿಸಿದನೇ ಎಂಬುದನ್ನು ಯಾವ ಸ್ಕೋರೂ ಹೇಳದು. ರೂಟ್ ಕೊನೆವರೆಗೂ ಇಲ್ಲವೆಂದೇ ವಾದಿಸಿದ.

ಅಂಕಿಗಳೂ ತಪ್ಪುತ್ತವೆ ಅನ್ನಿ. ಹಳೆಯ ಪುಸ್ತಕಗಳಲ್ಲಿ ಕಾಬ್‌ನ ಹಿಟ್‌ಗಳು (ಚೆಂಡು ಹೊಡೆದು ಬೇಸ್ ಮುಟ್ಟಿದ ಸಲಗಳು) 4191; 1910ರ ಒಂದು ಪಂದ್ಯ ಎರಡು ಸಲ ಲೆಕ್ಕಕ್ಕೆ ಸೇರಿದ್ದು ಬಯಲಾದ ಮೇಲೆ ಹಲವೆಡೆ 4189. ಇಂಥ ವ್ಯತ್ಯಾಸಕ್ಕೆ ಲೇಖಕನನ್ನು ದೂರಬೇಡಿ, ಮುದ್ರಣದ ವರ್ಷ ನೋಡಿ.

ನೆನಪಿನಿಂದ ಬರೆದದ್ದಕ್ಕಿಂತ ದಿನಚರಿ ಮೇಲು. ಎಸೆತಗಾರ ಜಿಮ್ ಬೌಟನ್‌ನ ‘ಬಾಲ್ ಫೋರ್’ (1970) ಹಿಂದಿನ ವರ್ಷದ ಸೀಸನ್ ನಡೆಯುತ್ತಿದ್ದಾಗಲೇ ಮಾಡಿಕೊಂಡ ಟಿಪ್ಪಣಿಗಳಿಂದ ಹುಟ್ಟಿದ್ದು. ಅಲ್ಲಿಂದ ಶುರುಮಾಡಿ.