ಮತದಾನದ ಹಕ್ಕಿಗೆ ಮೊದಲೇ ರ‍್ಯಾಂಕಿನ್ ಗೆದ್ದದ್ದು ಹೇಗೆ?

ಅಮೆರಿಕದ ಮಹಿಳೆಯರಿಗೆ ಮತದಾನದ ಹಕ್ಕು ಬಂದದ್ದು 1920ರಲ್ಲಿ ಎಂದಾದರೆ ಜೆನೆಟ್ ರ‍್ಯಾಂಕಿನ್ 1916ರಲ್ಲೇ ಅಲ್ಲಿನ ಸಂಸತ್ತಾದ ಕಾಂಗ್ರೆಸ್ಸಿಗೆ ಮೊದಲ ಮಹಿಳೆಯಾಗಿ ಆಯ್ಕೆಯಾದದ್ದು ಹೇಗೆ ಎಂದು ತಾವು ಕೇಳಿದ್ದೀರಿ. 1920ರ ಸಂವಿಧಾನ ತಿದ್ದುಪಡಿ ಇಡೀ ದೇಶಕ್ಕೆ ಅನ್ವಯಿಸಿದ್ದು. ಅದಕ್ಕೂ ಮೊದಲೇ ಕೆಲವು ರಾಜ್ಯಗಳು ತಮ್ಮ ಮಟ್ಟಿಗೆ ಆ ಹಕ್ಕನ್ನು ಕೊಟ್ಟಿದ್ದವು. ರ‍್ಯಾಂಕಿನ್ ಅವರ ತವರಾದ ಮೊಂಟಾನಾದಲ್ಲಿ ಅದು 1914ರಲ್ಲಿ ದೊರೆಯಿತು, ಆ ಚಳವಳಿಯ ಮುಂದಾಳುಗಳಲ್ಲಿ ಸ್ವತಃ ಅವರೂ ಒಬ್ಬರು. ಆಗ ಇಡೀ ರಾಜ್ಯವೇ ಎರಡು ಸ್ಥಾನಗಳ ಒಂದು ಕ್ಷೇತ್ರವಾಗಿದ್ದುದರಿಂದ, ಮತಗಳಿಕೆಯಲ್ಲಿ ಎರಡನೆಯವರಾಗಿಯೂ ಅವರು ಗೆದ್ದರು.

ಎರಡು ಮಹಾಯುದ್ಧಗಳ ವಿರುದ್ಧವೂ ಅವರು ಮತ ಹಾಕಿದ್ದರೆಂದು ತಾವು ಕೇಳಿದ ಸುದ್ದಿಯೂ ನಿಜವೇ. 1917ರ ಏಪ್ರಿಲ್‌ನಲ್ಲಿ, ಪ್ರಮಾಣವಚನ ಸ್ವೀಕರಿಸಿ ವಾರವೂ ತುಂಬುವ ಮೊದಲೇ, ಅವರು ಅಮೆರಿಕ ಮೊದಲ ಮಹಾಯುದ್ಧಕ್ಕೆ ಇಳಿಯುವುದರ ವಿರುದ್ಧ ಮತ ಹಾಕಿದರು. ಆಗ ಅವರೊಂದಿಗೆ ಇನ್ನೂ 49 ಮಂದಿ ಇದ್ದರು, ಆದರೆ ನಿಂದೆಯ ಬಹುಪಾಲು ಬಿದ್ದದ್ದು ಈ ಹೆಂಗಸಿನ ತಲೆಯ ಮೇಲೆ. 1940ರಲ್ಲಿ ಮತ್ತೆ ಆಯ್ಕೆಯಾದ ಅವರು, ಅಮೆರಿಕದ ನೌಕಾನೆಲೆಯಾದ ಪರ್ಲ್ ಹಾರ್ಬರ್ ಮೇಲೆ 1941ರಲ್ಲಿ ನಡೆದ ದಾಳಿಯ ಮರುದಿನ ಜಪಾನಿನ ವಿರುದ್ಧದ ಯುದ್ಧಘೋಷಣೆಗೆ ಒಬ್ಬರೇ ಬೇಡವೆಂದರು. ಪರವಾಗಿ ಬಿದ್ದ ಮತಗಳು 388. ಸಿಟ್ಟಿಗೆದ್ದ ಗುಂಪಿನಿಂದ ತಪ್ಪಿಸಿಕೊಂಡು ಟೆಲಿಫೋನ್ ಬೂತಿನೊಳಗೆ ಸೇರಿಕೊಂಡ ಅವರನ್ನು ಕೊನೆಗೆ ಪೊಲೀಸರು ಬಂದು ಕಚೇರಿಗೆ ತಲುಪಿಸಬೇಕಾಯಿತು. ನನ್ನ ಮಟ್ಟಿಗೆ, ಮೊದಲನೆಯದಕ್ಕಿಂತ ಈ ಎರಡನೆಯ ಮತಕ್ಕೇ ಹೆಚ್ಚು ಎದೆಗಾರಿಕೆ ಬೇಕಿತ್ತು.

ಗಾಂಧೀಜಿಯವರ ವಿಚಾರಗಳಿಂದ ಆಕರ್ಷಿತರಾಗಿದ್ದ ಅವರು 1946ರಿಂದ ಮುಂದೆ ಹಲವು ಬಾರಿ ಭಾರತಕ್ಕೂ ಬಂದಿದ್ದರು. 1973ರಲ್ಲಿ, 92ನೆಯ ವಯಸ್ಸಿನಲ್ಲಿ, ತೀರಿಕೊಂಡರು.